ದಾರಿಯ ಹಕ್ಕಿಗೆ ಡಿಕ್ರಿ ಸಿಕ್ಕ ಮೇಲೆ: ಬೆಂಗಳೂರಿನಲ್ಲಿ ಆದೇಶವನ್ನು ಜಾರಿಗೆ ತರುವುದು ಹೇಗೆ

ನೆರೆಯವರು ದಾರಿಗೆ ಅಡ್ಡಿ ಮಾಡುತ್ತಿದ್ದಾರೆಂದು ದಾವೆ ಹೂಡಿ ಗೆದ್ದವರಲ್ಲಿ ಅನೇಕರು, ತೀರ್ಪು ಬಂದ ಮೇಲೆ ನ್ಯಾಯಾಲಯವೇ ಮುಂದಾಗಿ ಗೇಟನ್ನು ತೆಗೆಸುತ್ತದೆ ಎಂದು ಕಾಯುತ್ತಾ ಕೂರುತ್ತಾರೆ. ಸಿವಿಲ್ ನ್ಯಾಯಾಲಯ ತಾನಾಗಿ ಯಾರ ಮನೆ ಬಾಗಿಲಿಗೂ ಬರುವುದಿಲ್ಲ. ಡಿಕ್ರಿ, ಅಂದರೆ ತೀರ್ಪಿನಂತೆ ಬರೆದ ಅಂತಿಮ ಆದೇಶ, ಪಡೆದವರು ಅದನ್ನು ಜಾರಿ ಮಾಡಿಸಲು ಪ್ರತ್ಯೇಕವಾಗಿ ಅಮಲ್ಜಾರಿ ಅರ್ಜಿ ಹಾಕಿ, ಎದುರಾಳಿ ಯಾವ ರೀತಿ ಆದೇಶವನ್ನು ಮೀರಿದ್ದಾರೆ, ತಮಗೆ ಯಾವ ಪರಿಹಾರ ಬೇಕು ಎಂಬುದನ್ನು ಸ್ಪಷ್ಟವಾಗಿ ಹೇಳಿದಾಗ ಮಾತ್ರ ಅದು ಕೈ ಹಾಕುತ್ತದೆ. ಆ ಅರ್ಜಿ ಬೇಗ ಫಲ ಕೊಡುವುದೋ ವರ್ಷಗಟ್ಟಲೆ ಎಳೆಯುವುದೋ ಎಂಬುದು ಬಹುಮಟ್ಟಿಗೆ ಎರಡು ಸಂಗತಿಗಳ ಮೇಲೆ ನಿಂತಿರುತ್ತದೆ. ಕೈಯಲ್ಲಿರುವ ಆದೇಶಕ್ಕೆ ತಕ್ಕ ಕಾನೂನಿನ ದಾರಿಯನ್ನು ಆರಿಸಿಕೊಂಡಿದ್ದೀರಾ ಎಂಬುದು ಮೊದಲನೆಯದು. ಡಿಕ್ರಿಯ ಷೆಡ್ಯೂಲಿನಲ್ಲಿ (ಸ್ವತ್ತಿನ ವಿವರದ ಪಟ್ಟಿಯಲ್ಲಿ) ಬರೆದಿರುವ ಅಳತೆ ನೆಲದ ಮೇಲಿನ ಅಳತೆಗೆ ಹೊಂದುತ್ತದೆಯೇ ಎಂಬುದು ಎರಡನೆಯದು.

ಬೆಂಗಳೂರಿನಲ್ಲಿ ಇಂತಹ ವ್ಯಾಜ್ಯಗಳು ಹುಟ್ಟುವ ಜಾಗಗಳು ಹೆಚ್ಚುಕಡಿಮೆ ಒಂದೇ ಬಗೆಯವು. 30x40 ಅಡಿಯ ಸೈಟು ಅಣ್ಣತಮ್ಮಂದಿರ ನಡುವೆ ಭಾಗವಾಗಿ, ಹಿಂದಿನ ಮನೆಗೆ ಪಕ್ಕದಲ್ಲಿ ಮೂರು ನಾಲ್ಕು ಅಡಿಯ ಓಣಿಯೊಂದು ಉಳಿದಿರುತ್ತದೆ. ಮುಂದಿನ ಮನೆ ಹೊರಗಿನವರಿಗೆ ಮಾರಾಟವಾದೊಡನೆ ಆ ಓಣಿಗೆ ಗೇಟು ಬೀಳುತ್ತದೆ. ರೆವಿನ್ಯೂ ಬಡಾವಣೆಗಳಲ್ಲಿ ಮಾರಾಟಗಾರ ತೋರಿಸಿದ ನಕ್ಷೆಯಲ್ಲಿದ್ದ ರಸ್ತೆಯನ್ನು ಪಕ್ಕದ ಸೈಟಿನವರು ಕಾಂಪೌಂಡಿನ ಒಳಕ್ಕೆ ಸೇರಿಸಿಕೊಂಡಿರುತ್ತಾರೆ. ಪ್ಲೇಗಿನ ಕಾಲದಲ್ಲಿ, 1898ರ ಸುಮಾರಿಗೆ, ರೂಪುಗೊಂಡ ಮಲ್ಲೇಶ್ವರ, ಬಸವನಗುಡಿಗಳಲ್ಲಿ ಮನೆಗಳ ಹಿಂದೆ ಹಾದುಹೋಗುವ ಕನ್ಸರ್ವೆನ್ಸಿ ಲೇನುಗಳದ್ದು ಬೇರೆಯೇ ಕಥೆ: ಅವು ಸಾರ್ವಜನಿಕ ಜಾಗವಾದ್ದರಿಂದ ಅಲ್ಲಿನ ಒತ್ತುವರಿಗೆ ನಗರ ಪಾಲಿಕೆಯನ್ನೂ ಹೊಣೆ ಮಾಡಬೇಕಾಗುತ್ತದೆ. ಇಲ್ಲಿ ಹೇಳುತ್ತಿರುವುದು ಖಾಸಗಿ ದಾರಿಗೆ ಸಂಬಂಧಿಸಿದ, ಇಬ್ಬರು ನೆರೆಯವರ ನಡುವಿನ ಆದೇಶಗಳ ವಿಚಾರ.

ಮೊದಲ ಹೆಜ್ಜೆ: ಕೈಯಲ್ಲಿರುವುದು ಯಾವ ಆದೇಶ?

ಆದೇಶದ ಪ್ರತಿಯನ್ನು ಮುಂದಿಟ್ಟುಕೊಂಡು, ಅದರ ಕೊನೆಯ ಭಾಗದಲ್ಲಿರುವ ಆಜ್ಞೆಯ ವಾಕ್ಯಗಳನ್ನು ಮಾತ್ರ ನಿಧಾನವಾಗಿ ಓದಿ. ತೀರ್ಪಿನ ನಡುವೆ ನ್ಯಾಯಾಧೀಶರು ನಿಮ್ಮ ಪರವಾಗಿ ಎಷ್ಟೇ ಬರೆದಿದ್ದರೂ ಜಾರಿಯಾಗುವುದು ಆ ಕೊನೆಯ ವಾಕ್ಯಗಳಷ್ಟೇ.

ದಾವೆ ಇನ್ನೂ ನಡೆಯುತ್ತಿದ್ದು, ಸಿಕ್ಕಿರುವುದು ತಾತ್ಕಾಲಿಕ ನಿರ್ಬಂಧಕಾಜ್ಞೆ (ಇಂಜಂಕ್ಷನ್) ಆಗಿದ್ದರೆ, ಅದನ್ನು ಮೀರಿದವರ ವಿರುದ್ಧ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39, ನಿಯಮ 2ಎ ಅಡಿಯಲ್ಲಿ ಅದೇ ನ್ಯಾಯಾಲಯಕ್ಕೆ ಅರ್ಜಿ ಹಾಕಬೇಕು. ಆಜ್ಞೆ ಮೀರಿದವರ ಆಸ್ತಿಯನ್ನು ಜಪ್ತಿ ಮಾಡುವ, ಮೂರು ತಿಂಗಳಿಗೆ ಮೀರದಂತೆ ಸಿವಿಲ್ ಸೆರೆಯಲ್ಲಿಡುವ ಅಧಿಕಾರ ನ್ಯಾಯಾಲಯಕ್ಕೆ ಇದೆ. ಆದರೆ ಎದುರಾಳಿಯನ್ನು ಕೇಳದೆ ಕೊಟ್ಟ ಏಕಪಕ್ಷೀಯ ಆಜ್ಞೆಯಾಗಿದ್ದರೆ, ಮೊದಲು ನಿಮ್ಮ ಕಡೆಯ ಕರ್ತವ್ಯ ಮುಗಿದಿದೆಯೇ ಎಂದು ನೋಡಿಕೊಳ್ಳಿ. ಅರ್ಜಿ, ಅಫಿಡವಿಟ್, ದಾವೆ ಮತ್ತು ದಾಖಲೆಗಳ ಪ್ರತಿಗಳನ್ನು ಎದುರಾಳಿಗೆ ತಲುಪಿಸಿ ಅಥವಾ ನೋಂದಾಯಿತ ಅಂಚೆಯಲ್ಲಿ ಕಳಿಸಿ, ಹಾಗೆ ಮಾಡಿದ್ದೇವೆಂದು ಅದೇ ದಿನ ಅಥವಾ ಮರುದಿನ ಅಫಿಡವಿಟ್ ಸಲ್ಲಿಸಬೇಕೆಂದು ನಿಯಮ 3 ಹೇಳುತ್ತದೆ. ಇದನ್ನು ಬಿಟ್ಟವರು ಮುಂದೆ ‘ನನಗೆ ಆದೇಶವೇ ಗೊತ್ತಿರಲಿಲ್ಲ’ ಎಂಬ ಉತ್ತರಕ್ಕೆ ತಾವೇ ಬಾಗಿಲು ತೆರೆದಂತೆ.

ದಾವೆ ಮುಗಿದು ಡಿಕ್ರಿಯಾಗಿದ್ದರೆ ಅನ್ವಯಿಸುವುದು ಅದೇ ಸಂಹಿತೆಯ ಆದೇಶ 21, ನಿಯಮ 32. ಇಲ್ಲಿ ಒಂದು ಭೇದವನ್ನು ಗಟ್ಟಿಯಾಗಿ ಹಿಡಿದುಕೊಳ್ಳಬೇಕು. ‘ಪ್ರತಿವಾದಿಯು ವಾದಿಯ ಓಡಾಟಕ್ಕೆ ಅಡ್ಡಿಪಡಿಸಕೂಡದು’ ಎಂದಿದ್ದರೆ ಅದು ಶಾಶ್ವತ ನಿರ್ಬಂಧಕಾಜ್ಞೆ; ‘ಪ್ರತಿವಾದಿಯು ಷೆಡ್ಯೂಲು ಸ್ವತ್ತಿನ ಮೇಲೆ ಕಟ್ಟಿರುವ ಗೋಡೆಯನ್ನು ಇಷ್ಟು ದಿನದೊಳಗೆ ತೆರವುಗೊಳಿಸತಕ್ಕದ್ದು’ ಎಂದಿದ್ದರೆ ಅದು ಮ್ಯಾಂಡೇಟರಿ ಇಂಜಂಕ್ಷನ್. ಶಾಶ್ವತ ನಿರ್ಬಂಧಕಾಜ್ಞೆಯ ಜಾರಿಗೆ ಕಾಲಮಿತಿಯೇ ಇಲ್ಲ. ಇತರ ಡಿಕ್ರಿಗಳಿಗಿರುವ ಹನ್ನೆರಡು ವರ್ಷದ ಮಿತಿ ಅದಕ್ಕೆ ಅನ್ವಯಿಸುವುದಿಲ್ಲವೆಂದು 1963ರ ಕಾಲಮಿತಿ ಅಧಿನಿಯಮದ 136ನೆಯ ಅನುಚ್ಛೇದವೇ ಹೇಳಿದೆ. ಮ್ಯಾಂಡೇಟರಿ ಇಂಜಂಕ್ಷನ್‌ಗೆ ಮಾತ್ರ 135ನೆಯ ಅನುಚ್ಛೇದದಂತೆ ಮೂರೇ ವರ್ಷ, ಅದೂ ಡಿಕ್ರಿಯ ದಿನದಿಂದ, ಅಥವಾ ಪಾಲನೆಗೆ ಗಡುವು ಕೊಟ್ಟಿದ್ದರೆ ಆ ಗಡುವಿನ ದಿನದಿಂದ. ‘ಹನ್ನೆರಡು ವರ್ಷ ಟೈಮಿದೆ’ ಎಂಬ ಮಾತನ್ನು ನಂಬಿ, ಸಂಬಂಧ ಕೆಡಿಸಿಕೊಳ್ಳುವುದೇಕೆಂದು ಸುಮ್ಮನಿದ್ದು, ನಾಲ್ಕನೆಯ ವರ್ಷಕ್ಕೆ ವಕೀಲರ ಬಳಿ ಹೋದವರಿಗೆ ಗೋಡೆ ತೆಗೆಸುವ ಆ ಡಿಕ್ರಿ ಕಾಗದವಾಗಿಯೇ ಉಳಿಯುತ್ತದೆ. ಈ ಬರಹದಲ್ಲಿ ಒಂದೇ ಒಂದು ಸಂಗತಿಯನ್ನು ನೆನಪಿಟ್ಟುಕೊಳ್ಳುವುದಿದ್ದರೆ ಈ ಮೂರು ವರ್ಷವನ್ನು ಇಟ್ಟುಕೊಳ್ಳಿ.

ಶಾಶ್ವತ ನಿರ್ಬಂಧಕಾಜ್ಞೆ ಮಾತ್ರ ಇದ್ದು, ಡಿಕ್ರಿಯಾದ ಮೇಲೆ ನೆರೆಯವರು ಹೊಸದಾಗಿ ಗೋಡೆ ಎಬ್ಬಿಸಿದರೆ ಏನು? ಅದನ್ನು ಕೆಡವಿಸಲು ಮತ್ತೊಂದು ದಾವೆ ಬೇಕೆಂದು ಹಿಂದೆ ಗಟ್ಟಿಯಾಗಿ ವಾದಿಸುತ್ತಿದ್ದರು. 2002ರ ತಿದ್ದುಪಡಿಯಲ್ಲಿ ನಿಯಮ 32ರ 5ನೆಯ ಉಪನಿಯಮಕ್ಕೆ ಸೇರಿಸಿದ ವಿವರಣೆ ಆ ವಾದವನ್ನು ಮುಗಿಸಿತು: ನ್ಯಾಯಾಲಯವು ಎದುರಾಳಿಯ ಖರ್ಚಿನಲ್ಲಿ ಬೇರೊಬ್ಬರಿಂದ ಕೆಲಸ ಮಾಡಿಸುವ ಅವಕಾಶವು ‘ಮಾಡಬಾರದು’ ಎಂಬ ಆಜ್ಞೆಗೂ ‘ಮಾಡಬೇಕು’ ಎಂಬ ಆಜ್ಞೆಗೂ ಸಮಾನವಾಗಿ ಅನ್ವಯಿಸುತ್ತದೆ. ಆದರೆ ಗೋಡೆಯು ದಾವೆ ಹೂಡುವುದಕ್ಕೆ ಮೊದಲೇ ಅಲ್ಲಿದ್ದು, ಅದನ್ನು ತೆಗೆಸಿಕೊಡಿ ಎಂದು ನೀವು ದಾವೆಯಲ್ಲಿ ಕೇಳಿಯೇ ಇರದಿದ್ದರೆ, ಅಮಲ್ಜಾರಿ ನ್ಯಾಯಾಲಯ ಡಿಕ್ರಿಯಲ್ಲಿಲ್ಲದ ಪರಿಹಾರವನ್ನು ಕೊಡಲಾರದು.

ಎರಡನೆಯ ಹೆಜ್ಜೆ: ಷೆಡ್ಯೂಲನ್ನು ಟೇಪು ಹಿಡಿದು ಓದುವುದು

ದೃಢೀಕೃತ ನಕಲಿಗೆ ಅರ್ಜಿ ಹಾಕಿ ತೀರ್ಪು ಮತ್ತು ಡಿಕ್ರಿ ಎರಡನ್ನೂ ತೆಗೆದುಕೊಳ್ಳಿ. ತೀರ್ಪು ಪ್ರಕಟವಾದ ಹದಿನೈದು ದಿನಗಳೊಳಗೆ ಡಿಕ್ರಿಯನ್ನು ಬರೆಯಬೇಕೆಂಬುದು ನಿಯಮ. ಡಿಕ್ರಿ ಬಂದೊಡನೆ ಅದರ ಷೆಡ್ಯೂಲನ್ನು ಹಿಡಿದು ಸ್ಥಳಕ್ಕೆ ಹೋಗಿ ಅಳೆಯಿರಿ.

ಉದಾಹರಣೆಗೆ, ಷೆಡ್ಯೂಲಿನಲ್ಲಿ ‘ಪೂರ್ವ–ಪಶ್ಚಿಮ 40 ಅಡಿ, ಉತ್ತರ–ದಕ್ಷಿಣ 4 ಅಡಿ ಅಳತೆಯ ಓಣಿ, ಚೆಕ್ಕುಬಂದಿ: ಪೂರ್ವಕ್ಕೆ ರಸ್ತೆ, ಪಶ್ಚಿಮಕ್ಕೆ ವಾದಿಯ ಮನೆ, ಉತ್ತರಕ್ಕೆ ಬೇರೆಯವರ ಸ್ವತ್ತು, ದಕ್ಷಿಣಕ್ಕೆ ಪ್ರತಿವಾದಿಯ ಮನೆ’ ಎಂದಿದೆಯೆನ್ನಿ. ಸ್ಥಳದಲ್ಲಿ ಪ್ರತಿವಾದಿಯ ಮನೆಯ ಮೆಟ್ಟಿಲು ಓಣಿಯೊಳಕ್ಕೆ ಒಂದೂವರೆ ಅಡಿ ಚಾಚಿಕೊಂಡಿದೆ, ಅದರ ಪಕ್ಕದಲ್ಲೇ ಸಂಪಿನ ಮುಚ್ಚಳವಿದೆ, ರಸ್ತೆಯ ತುದಿಯಲ್ಲಿ ಬೀಗ ಹಾಕಿದ ಗೇಟಿದೆ. ಈಗ ಕೇಳಿಕೊಳ್ಳಬೇಕಾದ ಪ್ರಶ್ನೆ, ಆ ಮೆಟ್ಟಿಲು ದಾವೆಗೆ ಮೊದಲಿನದೋ ನಂತರದ್ದೋ ಎಂಬುದು. ಮೊದಲಿನದಾಗಿದ್ದು ಡಿಕ್ರಿಯಲ್ಲಿ ಅದರ ಪ್ರಸ್ತಾಪವಿಲ್ಲದಿದ್ದರೆ, ಗೇಟಿನ ಜೊತೆಗೆ ಮೆಟ್ಟಿಲನ್ನೂ ಒಡೆಸುತ್ತೇನೆಂದು ಹೊರಟರೆ ಇಡೀ ಅರ್ಜಿ ಅಳತೆಯ ಜಗಳವಾಗಿ ಬದಲಾಗುತ್ತದೆ. ಗೇಟಿಗೆ ಮಾತ್ರ ಸೀಮಿತಗೊಳಿಸಿದರೆ ಬೇಗ ಮುಗಿಯುತ್ತದೆ. ಹಾಗೆ ಸೀಮಿತಗೊಳಿಸುವುದು ಸೋಲಲ್ಲ ಎಂಬುದನ್ನು ಕಕ್ಷಿದಾರರಿಗೆ ಒಪ್ಪಿಸುವುದು ವಕೀಲರಿಗೂ ಕಷ್ಟದ ಕೆಲಸ.

ಷೆಡ್ಯೂಲಿನಲ್ಲಿ ದಿಕ್ಕು ಅದಲುಬದಲಾಗಿದ್ದರೆ, ಅಂಕಿ ತಪ್ಪಾಗಿ ಟೈಪಾಗಿದ್ದರೆ, ಸಂಹಿತೆಯ ಕಲಂ 152ರ ಅಡಿಯಲ್ಲಿ ತಿದ್ದುಪಡಿ ಕೇಳಬಹುದು. ಬರವಣಿಗೆಯ ತಪ್ಪುಗಳನ್ನು ತಿದ್ದಲು ಕಾಲದ ಮಿತಿಯಿಲ್ಲ. ಅಮಲ್ಜಾರಿ ಅರ್ಜಿಗೆ ಮೊದಲೇ ಇದನ್ನು ಮುಗಿಸಿಕೊಳ್ಳಿ. ಬೇಲಿಫ್ (ಆದೇಶ ಜಾರಿ ಮಾಡುವ ನ್ಯಾಯಾಲಯದ ಸಿಬ್ಬಂದಿ) ಸ್ಥಳಕ್ಕೆ ಬಂದು ‘ಚೆಕ್ಕುಬಂದಿ ತಾಳೆಯಾಗುತ್ತಿಲ್ಲ’ ಎಂದು ಷರಾ ಬರೆದು ವಾರೆಂಟನ್ನು ಹಿಂದಿರುಗಿಸಿದರೆ ತಿಂಗಳುಗಳೇ ಹೋಗುತ್ತವೆ.

ಹಕ್ಕಿನ ಬಗೆಯನ್ನೂ ನೋಡಿಕೊಳ್ಳಿ. 1882ರ ಈಸ್‌ಮೆಂಟ್ ಕಾಯಿದೆಯ (ಬೇರೆಯವರ ಜಾಗವನ್ನು ಬಳಸುವ ಹಕ್ಕಿನ ಕಾನೂನಿನ) ಪ್ರಕಾರ ಒಂದು ಬಗೆಯ ದಾರಿಯ ಹಕ್ಕಿನಲ್ಲಿ ಇನ್ನೊಂದು ಬಗೆಯದು ಸೇರಿರುವುದಿಲ್ಲ. ಡಿಕ್ರಿ ಕಾಲುದಾರಿಗೆ ಇದ್ದು, ನೀವು ಸ್ಕೂಟರು ನಿಲ್ಲಿಸಿಕೊಳ್ಳುತ್ತಿದ್ದರೆ, ಎದುರಾಳಿಯ ಮೊದಲ ಆಕ್ಷೇಪಣೆ ಅದೇ ಆಗಿರುತ್ತದೆ.

ಮೂರನೆಯ ಹೆಜ್ಜೆ: ಬೀಗಕ್ಕೆ ಕೈ ಹಾಕದಿರುವುದು

ಡಿಕ್ರಿ ನನ್ನದು, ದಾರಿ ನನ್ನದು, ಆದ್ದರಿಂದ ಬೀಗ ಒಡೆಯುವುದು ನನ್ನ ಹಕ್ಕು ಎಂಬ ತರ್ಕ ಸಹಜವಾಗಿ ತೋರಬಹುದು. ಈಸ್‌ಮೆಂಟ್ ಕಾಯಿದೆಯ ಕಲಂ 36 ಇದನ್ನು ನೇರವಾಗಿ ನಿಷೇಧಿಸುತ್ತದೆ: ದಾರಿಯ ಹಕ್ಕುಳ್ಳವರು ಅಕ್ರಮ ಅಡ್ಡಿಯನ್ನು ತಾವೇ ತೆರವುಗೊಳಿಸುವಂತಿಲ್ಲ. ಒಡೆದರೆ ನೆರೆಯವರು ಠಾಣೆಗೆ ಹೋಗುತ್ತಾರೆ. ಅಲ್ಲಿಯವರೆಗೆ ಆದೇಶ ಮೀರಿದವರಾಗಿದ್ದ ಅವರು ಅಂದಿನಿಂದ ದೂರುದಾರರಾಗುತ್ತಾರೆ.

ಅದರ ಬದಲಿಗೆ ವಕೀಲರ ಮೂಲಕ ಒಂದು ನೋಟಿಸು ಕೊಡಿಸಿ. ಡಿಕ್ರಿಯ ಪ್ರತಿಯನ್ನು ಲಗತ್ತಿಸಿ, ಯಾವ ದಿನಾಂಕದಿಂದ ಯಾವ ಅಡ್ಡಿ ಇದೆ ಎಂದು ಬರೆದು, ಅದನ್ನು ತೆಗೆಯಲು ಸಮಯ ಕೊಡಿ. ಕಾನೂನು ಇಂತಹ ನೋಟಿಸನ್ನು ಕಡ್ಡಾಯ ಮಾಡಿಲ್ಲ. ಆದರೆ ನಿಯಮ 32ರ ಅಡಿಯಲ್ಲಿ ಎದುರಾಳಿಗೆ ಡಿಕ್ರಿಯನ್ನು ಪಾಲಿಸುವ ಅವಕಾಶವಿತ್ತು ಮತ್ತು ಅವರು ಬೇಕೆಂದೇ ಪಾಲಿಸಲಿಲ್ಲ ಎಂಬುದನ್ನು ನೀವೇ ತೋರಿಸಬೇಕು. ನೋಂದಾಯಿತ ಅಂಚೆಯ ಸ್ವೀಕೃತಿ ಆ ಕೆಲಸವನ್ನು ಅರ್ಧ ಮುಗಿಸುತ್ತದೆ.

ನಾಲ್ಕನೆಯ ಹೆಜ್ಜೆ: ಸಾಕ್ಷ್ಯ

ಅಡ್ಡಿಯ ಫೋಟೋ, ಸಿಸಿಟಿವಿ ದೃಶ್ಯ, ವಾಟ್ಸ್ಆ್ಯಪ್ ಸಂದೇಶ ಇವೆಲ್ಲವೂ ಸಾಕ್ಷ್ಯವಾಗಬಲ್ಲವು. ಆದರೆ 2023ರ ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63ರಂತೆ ಅವುಗಳೊಂದಿಗೆ ಪ್ರಮಾಣಪತ್ರ ಬೇಕು. ಆ ಪ್ರಮಾಣಪತ್ರಕ್ಕೆ ಎರಡು ಭಾಗಗಳಿವೆ: ಒಂದಕ್ಕೆ ಸಾಕ್ಷ್ಯ ಹಾಜರುಪಡಿಸುವವರು ಸಹಿ ಹಾಕಬೇಕು, ಇನ್ನೊಂದಕ್ಕೆ ತಜ್ಞರು. ದೃಶ್ಯವಿರುವ ಮೂಲ ಫೋನನ್ನು, ಸಿಸಿಟಿವಿ ದೃಶ್ಯ ದಾಖಲಿಸುವ ಡಿವಿಆರನ್ನು ಮಾರಬೇಡಿ, ಫಾರ್ಮ್ಯಾಟ್ ಮಾಡಬೇಡಿ. ನೀರಿನ ಟ್ಯಾಂಕರು ಒಳಬರಲಾಗದೆ ಹಿಂದಿರುಗಿದ್ದು, ಬೆಸ್ಕಾಂ ಮೀಟರ್ ಓದುವವರು ಗೇಟಿನಿಂದಲೇ ವಾಪಸು ಹೋದದ್ದು ಮುಂತಾದವನ್ನು ದಿನಾಂಕ ಹಾಕಿ ಬರೆದಿಡಿ. ಇಂತಹ ಮೂರನೆಯವರ ಸಾಕ್ಷ್ಯಕ್ಕೆ ಮನೆಯವರ ಹೇಳಿಕೆಗಿಂತ ಹೆಚ್ಚು ತೂಕ ಬರುತ್ತದೆ.

ಅಳತೆಯ ಬಗ್ಗೆಯೇ ವಿವಾದವಿದ್ದರೆ ಕೋರ್ಟ್ ಕಮಿಷನರನ್ನು ನೇಮಿಸುವಂತೆ ಕೇಳಿ. ಆದೇಶ 26ರ ಸ್ಥಳ ಪರಿಶೀಲನೆಯ ಅವಕಾಶ ಅಮಲ್ಜಾರಿ ಹಂತದಲ್ಲೂ ಇದೆ. ಸರ್ವೆಯರ್ ನೆರವಿನೊಂದಿಗೆ ನಕ್ಷೆ ಹಾಕಿದ ಕಮಿಷನರ್ ವರದಿ ಬಂದರೆ ಬಾಯಿಮಾತಿನ ಅರ್ಧ ವಾದ ಅಲ್ಲಿಗೇ ನಿಲ್ಲುತ್ತದೆ. ಖಾತಾ ಪ್ರತಿಯನ್ನು ಮಾತ್ರ ಹಿಡಿದುಕೊಂಡು ವಾದಿಸಬೇಡಿ. ಅದು ತೆರಿಗೆಯ ದಾಖಲೆಯೇ ಹೊರತು ಹಕ್ಕಿನ ದಾಖಲೆಯಲ್ಲ.

ಐದನೆಯ ಹೆಜ್ಜೆ: ಅಮಲ್ಜಾರಿ ಅರ್ಜಿ

ಅರ್ಜಿಯನ್ನು ಡಿಕ್ರಿ ಮಾಡಿದ ನ್ಯಾಯಾಲಯಕ್ಕೇ ಹಾಕಬೇಕು. ಬೆಂಗಳೂರು ನಗರದ ಸ್ವತ್ತಾದರೆ ಸಾಮಾನ್ಯವಾಗಿ ಅದು ಕೆಂಪೇಗೌಡ ರಸ್ತೆಯ ಸಿಟಿ ಸಿವಿಲ್ ನ್ಯಾಯಾಲಯ ಸಂಕೀರ್ಣದಲ್ಲೋ ಮೇಯೋ ಹಾಲಿನಲ್ಲೋ ಇರುವ ಒಂದು ಸಿಸಿಹೆಚ್ (ಸಿಟಿ ಸಿವಿಲ್ ಕೋರ್ಟ್ ಹಾಲ್) ಆಗಿರುತ್ತದೆ. ಆನೇಕಲ್, ದೇವನಹಳ್ಳಿ, ನೆಲಮಂಗಲ, ಹೊಸಕೋಟೆಗಳ ಕಡೆಯ ಸ್ವತ್ತಿಗೆ ಅಲ್ಲಲ್ಲಿನ ನ್ಯಾಯಾಲಯಗಳಿವೆ.

ಆದೇಶ 21, ನಿಯಮ 11 ಅರ್ಜಿಯ ಒಡಲನ್ನು ನಿಗದಿಪಡಿಸಿದೆ: ದಾವೆಯ ಸಂಖ್ಯೆ, ಕಕ್ಷಿದಾರರ ಹೆಸರು, ಡಿಕ್ರಿಯ ದಿನಾಂಕ, ಮೇಲ್ಮನವಿ ಆಗಿದೆಯೇ, ಹಿಂದೆ ಅಮಲ್ಜಾರಿ ಅರ್ಜಿ ಹಾಕಲಾಗಿತ್ತೇ, ಯಾರ ವಿರುದ್ಧ ಜಾರಿ, ಮತ್ತು ಯಾವ ರೀತಿಯಲ್ಲಿ ನ್ಯಾಯಾಲಯದ ನೆರವು ಬೇಕು. ಈ ಕೊನೆಯ ಅಂಕಣದಲ್ಲೇ ಅರ್ಜಿಗಳು ಸೊರಗುವುದು. ‘ಡಿಕ್ರಿಯನ್ನು ಜಾರಿ ಮಾಡಿಕೊಡಬೇಕು’ ಎಂದಷ್ಟೇ ಬರೆದರೆ ಸಾಲದು. ನನ್ನ ಅಭಿಪ್ರಾಯದಲ್ಲಿ ಮೊದಲು ಕೇಳಬೇಕಾದದ್ದು ನಿಯಮ 32ರ 5ನೆಯ ಉಪನಿಯಮದಡಿ ಅಡ್ಡಿಯ ತೆರವು: ಗೇಟು, ಗೋಡೆ ಅಥವಾ ಶೀಟನ್ನು ಹೆಸರಿಸಿ, ಅಳತೆ ಕೊಟ್ಟು, ಬೇಲಿಫ್ ಅಥವಾ ಕಮಿಷನರ್ ಮೂಲಕ ಎದುರಾಳಿಯ ವೆಚ್ಚದಲ್ಲಿ ತೆಗೆಸಲು, ಬೀಗವಿದ್ದರೆ ತೆರೆಸಲು ಅನುಮತಿ ಕೋರಬೇಕು. ಅದರ ಜೊತೆಗೆ ಜಪ್ತಿಯನ್ನೂ ಸಿವಿಲ್ ಸೆರೆಯನ್ನೂ ಕೇಳಿರಬೇಕು; ಇವನ್ನು ಒಟ್ಟಿಗೇ ಕೇಳಲು ನಿಯಮ ಅವಕಾಶ ಕೊಡುತ್ತದೆ. ಜಪ್ತಿ ಆರು ತಿಂಗಳು ಜಾರಿಯಲ್ಲಿದ್ದೂ ಎದುರಾಳಿ ಬಗ್ಗದಿದ್ದರೆ ಆ ಸ್ವತ್ತಿನ ಮಾರಾಟಕ್ಕೆ ಅರ್ಜಿ ಹಾಕಬಹುದು. ನೆರೆಯವರನ್ನು ಜೈಲಿಗೆ ಕಳಿಸುವುದೊಂದೇ ಗುರಿಯೆಂಬಂತೆ ಬರೆದ ಅರ್ಜಿಗಳನ್ನು ನ್ಯಾಯಾಲಯಗಳು ಹಿಂಜರಿಕೆಯಿಂದಲೇ ನೋಡುತ್ತವೆ. ಮೇಲಾಗಿ ಬಂಧನ ಕೋರಿದರೆ ಬಂಧಿತರ ನಿರ್ವಹಣೆಯ ಹಣವನ್ನು ನೀವೇ ಮುಂಗಡವಾಗಿ ಕಟ್ಟಬೇಕಾಗುತ್ತದೆ.

ಡಿಕ್ರಿಯಾಗಿ ಎರಡು ವರ್ಷ ಕಳೆದಿದ್ದರೆ, ಅಥವಾ ಎದುರಾಳಿ ತೀರಿಕೊಂಡು ವಾರಸುದಾರರ ವಿರುದ್ಧ ಜಾರಿ ಕೇಳುತ್ತಿದ್ದರೆ, ನಿಯಮ 22ರಂತೆ ಮೊದಲು ನೋಟಿಸು ಹೋಗುತ್ತದೆ. ಪ್ರೊಸೆಸ್ ಫೀ ಕಟ್ಟಿ, ವಿಳಾಸ ಸರಿಯಾಗಿ ಕೊಟ್ಟು, ನೋಟಿಸು, ವಾರೆಂಟುಗಳನ್ನು ಕಳಿಸುವ ನಜಾರತ್ ಶಾಖೆಯಲ್ಲಿ ನೋಟಿಸು ಯಾರ ಕೈಗೆ ಹೋಗಿದೆ ಎಂದು ವಿಚಾರಿಸುತ್ತಿರಿ. ಪ್ರಕರಣದ ಮುಂದಿನ ದಿನಾಂಕವನ್ನು ಪ್ರಕರಣವನ್ನು ಗುರುತಿಸುವ ಹದಿನಾರು ಅಕ್ಷರಗಳ ಸಿಎನ್ಆರ್ ಸಂಖ್ಯೆ ಹಾಕಿ ಇ-ಕೋರ್ಟ್ಸ್ ಆ್ಯಪಿನಲ್ಲಿ ನೀವೇ ನೋಡಿಕೊಳ್ಳಬಹುದು.

ಆರನೆಯ ಹೆಜ್ಜೆ: ಎದುರಾಳಿಯ ಆಕ್ಷೇಪಣೆಗಳಿಗೆ ಉತ್ತರ

ಬರುವ ಆಕ್ಷೇಪಣೆಗಳು ಹಳೆಯವೇ. ‘ಡಿಕ್ರಿಯೇ ತಪ್ಪು’ ಎಂಬುದಕ್ಕೆ ಅಮಲ್ಜಾರಿ ನ್ಯಾಯಾಲಯ ಕಿವಿಗೊಡಬೇಕಾಗಿಲ್ಲ. ಅದು ಡಿಕ್ರಿಯ ಹಿಂದಕ್ಕೆ ಹೋಗುವಂತಿಲ್ಲ. ‘ಡಿಕ್ರಿ ನನ್ನ ತಂದೆಯ ವಿರುದ್ಧ ಆದದ್ದು, ನನ್ನ ವಿರುದ್ಧವಲ್ಲ’ ಎಂಬ ವಾದಕ್ಕೆ, ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2017ರಲ್ಲಿ ಉತ್ತರ ಕೊಟ್ಟಿದೆ: ಸ್ವತ್ತಿಗೆ ಸಂಬಂಧಿಸಿದ ಶಾಶ್ವತ ನಿರ್ಬಂಧಕಾಜ್ಞೆಯನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 50ರ ಅಡಿಯಲ್ಲಿ ವಾರಸುದಾರರ ವಿರುದ್ಧವೂ ಜಾರಿ ಮಾಡಬಹುದು. ದಾವೆ ನಡೆಯುತ್ತಿರುವಾಗಲೇ ಮನೆ ಕೊಂಡವರಿಗೆ ಸ್ವತ್ತು ವರ್ಗಾವಣೆ ಕಾಯಿದೆಯ ಕಲಂ 52 ಅಡ್ಡ ಬರುತ್ತದೆ. ಅವರೂ ಡಿಕ್ರಿಗೆ ಬದ್ಧರು.

‘ಮೇಲ್ಮನವಿ ಹಾಕಿದ್ದೇವೆ’ ಎಂಬ ಮಾತಿಗೆ ಹೆದರಬೇಕಾಗಿಲ್ಲ. ಸಿಟಿ ಸಿವಿಲ್ ನ್ಯಾಯಾಲಯದ ಡಿಕ್ರಿಯ ವಿರುದ್ಧ ಹೈಕೋರ್ಟಿಗೆ ತೊಂಬತ್ತು ದಿನಗಳೊಳಗೆ ಮೇಲ್ಮನವಿ ಸಲ್ಲಿಸಬಹುದು. ಆದರೆ ಮೇಲ್ಮನವಿಯಿಂದಷ್ಟೇ ಜಾರಿ ನಿಲ್ಲುವುದಿಲ್ಲ, ತಡೆಯಾಜ್ಞೆಯ ಪ್ರತಿಯನ್ನು ಹಾಜರುಪಡಿಸಬೇಕು. ಡಿಕ್ರಿಯಾದ ವಾರದಲ್ಲೇ ಹೈಕೋರ್ಟಿನಲ್ಲಿ ಕೇವಿಯಟ್ (ನನ್ನನ್ನು ಕೇಳದೆ ಆದೇಶ ಮಾಡಬೇಡಿ ಎಂಬ ಮುಂಗಡ ಅರ್ಜಿ) ಹಾಕಿದ್ದರೆ ನಿಮ್ಮನ್ನು ಕೇಳದೆ ತಡೆ ಸಿಗುವ ಸಾಧ್ಯತೆ ಕಡಿಮೆ. ಕೇವಿಯಟ್ ತೊಂಬತ್ತು ದಿನ ಮಾತ್ರ ಜೀವಂತವಿರುತ್ತದೆ. ಅಗತ್ಯವಿದ್ದರೆ ಮತ್ತೆ ಹಾಕಬೇಕು.

ಸುಮ್ಮನೆ ದಿನಾಂಕ ಪಡೆಯುತ್ತಾ ಹೋಗುವುದು ಇನ್ನೊಂದು ಬಗೆಯ ಆಕ್ಷೇಪಣೆ. ಬೆಂಗಳೂರಿನ ಆಸ್ತಿಯೊಂದರ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟ್ 2021ರ ಏಪ್ರಿಲ್‌ನಲ್ಲಿ, ಅಮಲ್ಜಾರಿ ಪ್ರಕರಣಗಳನ್ನು ದಾಖಲಾದ ಆರು ತಿಂಗಳೊಳಗೆ ಮುಗಿಸಬೇಕು, ಮೀರಿದರೆ ಕಾರಣವನ್ನು ಲಿಖಿತವಾಗಿ ದಾಖಲಿಸಬೇಕು ಎಂದು ನಿರ್ದೇಶಿಸಿತು. ಆರು ತಿಂಗಳಲ್ಲಿ ಎಲ್ಲವೂ ಮುಗಿಯುತ್ತದೆಂದು ನಂಬಿ ಕೂರಬೇಡಿ. ಆದರೆ ಪದೇಪದೇ ಮುಂದೂಡಿಕೆ ಕೇಳಿದಾಗ ಆ ತೀರ್ಪನ್ನು ಮೆಮೋ (ನ್ಯಾಯಾಲಯಕ್ಕೆ ಕೊಡುವ ಚಿಕ್ಕ ಲಿಖಿತ ಹೇಳಿಕೆ) ಮೂಲಕ ದಾಖಲೆಗೆ ತರಿಸಿ.

ಏಳನೆಯ ಹೆಜ್ಜೆ: ಪೊಲೀಸ್ ನೆರವು

ಡಿಕ್ರಿ ಹಿಡಿದು ನೇರವಾಗಿ ಠಾಣೆಗೆ ಹೋದರೆ ‘ಇದು ಸಿವಿಲ್ ಮ್ಯಾಟರ್’ ಎಂಬ ಉತ್ತರ ಬರುತ್ತದೆ. ಇದು ಬರಿಯ ಉದಾಸೀನವಲ್ಲ. ಅಕ್ರಮ ತಡೆಯನ್ನು ಅಪರಾಧವೆನ್ನುವ ಭಾರತೀಯ ನ್ಯಾಯ ಸಂಹಿತೆಯ ಕಲಂ 126ರಲ್ಲೇ, ಖಾಸಗಿ ದಾರಿಯನ್ನು ತಡೆಯುವ ಹಕ್ಕು ತನಗಿದೆಯೆಂದು ಸದ್ಭಾವನೆಯಿಂದ ನಂಬಿ ತಡೆದವರಿಗೆ ವಿನಾಯಿತಿ ಇದೆ. ಡಿಕ್ರಿಯಾದ ಮೇಲೆ ಆ ನಂಬಿಕೆಗೆ ಆಧಾರ ಉಳಿಯುವುದಿಲ್ಲವೆಂದು ನೀವು ದೂರಿನಲ್ಲಿ ಬರೆಯಬಹುದು, ಬರೆಯಬೇಕು ಕೂಡ. ಆದರೂ ಅದನ್ನೇ ನೆಚ್ಚಿಕೊಳ್ಳುವುದು ಜಾಣತನವಲ್ಲ.

ಅಮಲ್ಜಾರಿ ನ್ಯಾಯಾಲಯದಲ್ಲೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 151ರ ಅಡಿಯಲ್ಲಿ ಪೊಲೀಸ್ ರಕ್ಷಣೆಗೆ ಅರ್ಜಿ ಹಾಕಿ, ಸಂಬಂಧಪಟ್ಟ ಠಾಣೆಯ ಇನ್‌ಸ್ಪೆಕ್ಟರಿಗೆ ನಿರ್ದೇಶನ ಪಡೆಯುವುದು ಸರಿಯಾದ ಕ್ರಮ. ಹಿಂದೆ ಜಗಳ, ಬೆದರಿಕೆ ಆಗಿದ್ದರೆ ಅದರ ವಿವರವನ್ನು ಅಫಿಡವಿಟ್‌ನಲ್ಲಿ ಕೊಡಿ. ಕಾರಣವಿಲ್ಲದೆ ಕೇಳಿದರೆ ನ್ಯಾಯಾಲಯ ಕೊಡುವುದಿಲ್ಲ. ಹೈಕೋರ್ಟಿನಲ್ಲಿ ನ್ಯಾಯಾಂಗ ನಿಂದನೆ ಅರ್ಜಿ ಹಾಕುತ್ತೇವೆನ್ನುವವರೂ ಇದ್ದಾರೆ. ಅದಕ್ಕೆ ಒಂದು ವರ್ಷದ ಮಿತಿಯಿದೆ. ಅಮಲ್ಜಾರಿಯ ದಾರಿ ತೆರೆದಿರುವಾಗ ಹೈಕೋರ್ಟ್ ಸಾಮಾನ್ಯವಾಗಿ ಅಲ್ಲಿಗೇ ಹೋಗಿ ಎನ್ನುತ್ತದೆ.

ಎಂಟನೆಯ ಹೆಜ್ಜೆ: ತೆರವಿನ ದಿನ

ಬೇಲಿಫ್ ಬರುವ ದಿನ ಗ್ಯಾಸ್ ಕಟರ್ ಇರುವ ವೆಲ್ಡರ್, ಇಬ್ಬರು ಕೂಲಿಯವರು, ಅಳೆಯುವ ಟೇಪು, ಡಿಕ್ರಿಯ ಪ್ರತಿ ಮತ್ತು ಸಂಬಂಧಿಕರಲ್ಲದ ಇಬ್ಬರು ಪಂಚರು ಸಿದ್ಧರಿರಲಿ. ನಿಮ್ಮ ಮನೆಯವರು ದೂರ ನಿಂತಿರಲಿ, ವಾಗ್ವಾದ ಬೇಡ. ಆದೇಶದಲ್ಲಿರುವ ವಸ್ತುವನ್ನಷ್ಟೇ ತೆಗೆಸಿ. ತೆಗೆದ ಗೇಟು ನೆರೆಯವರದೇ ಸ್ವತ್ತು, ಅದನ್ನು ಅವರ ಕಡೆ ಇಡಿಸಿ ಮಹಜರಿನಲ್ಲಿ ಬರೆಸಿ. ಮಹಜರಿನಲ್ಲಿ ತೆರವಿಗೆ ಮೊದಲಿನ ಸ್ಥಿತಿ, ತೆರವಾದ ವಸ್ತು, ತೆರವಾದ ನಂತರ ಓಣಿಯ ಅಗಲ, ಸಮಯ ಇವಿಷ್ಟೂ ಬರಬೇಕು. ಕೂಲಿ ಮತ್ತು ಕಟಿಂಗ್ ಖರ್ಚಿಗೆ ರಸೀದಿ ಇಟ್ಟುಕೊಂಡರೆ ಅದನ್ನು ಎದುರಾಳಿಯಿಂದ ವಸೂಲಿ ಮಾಡಿಸಬಹುದು.

ಎಷ್ಟೋ ಪ್ರಕರಣಗಳಲ್ಲಿ ವಾರೆಂಟು ಹೊರಟಿತೆಂದು ತಿಳಿದಾಗ ನೆರೆಯವರು ರಾಜಿಗೆ ಬರುತ್ತಾರೆ. ಗೇಟು ಇರಲಿ, ಬೀಗದ ಒಂದು ಕೀ ನಿಮಗೂ ಕೊಡುತ್ತೇವೆ ಎಂಬ ಪ್ರಸ್ತಾಪ ಭದ್ರತೆಯ ದೃಷ್ಟಿಯಿಂದ ಒಪ್ಪತಕ್ಕದ್ದೇ ಆಗಿರಬಹುದು. ಸಿದ್ದಯ್ಯ ರಸ್ತೆಯ ನ್ಯಾಯದೇಗುಲದಲ್ಲಿರುವ ಮಧ್ಯಸ್ಥಿಕಾ ಕೇಂದ್ರದಲ್ಲಿ ಕೂತು ಮಾತಾಡಬಹುದು, ಲೋಕ ಅದಾಲತ್‌ನಲ್ಲೂ ಮುಗಿಸಬಹುದು. ಆದರೆ ರಾಜಿ ಬಾಯಿಮಾತಿನಲ್ಲಿ ಉಳಿಯಕೂಡದು: ಕೀ ಎಷ್ಟು, ಬೀಗ ಬದಲಿಸಿದರೆ ಎಷ್ಟು ಹೊತ್ತಿನೊಳಗೆ ಹೊಸ ಕೀ, ರಾತ್ರಿ ಆಂಬುಲೆನ್ಸ್ ಬಂದರೆ ಏನು ಎಂಬುದೆಲ್ಲ ಬರಹದಲ್ಲಿದ್ದು, ನ್ಯಾಯಾಲಯದ ದಾಖಲೆಗೆ ಸೇರಬೇಕು.

ತೆರವಾದ ಮೇಲೆ ಬೇಲಿಫ್ ವರದಿ ಸಲ್ಲಿಕೆಯಾಗಿ, ಪ್ರಕರಣವನ್ನು ಮುಕ್ತಾಯಗೊಳಿಸಲು ನಿಮ್ಮ ಕಡೆಯಿಂದ ಮೆಮೋ ಕೇಳುತ್ತಾರೆ. ಇಲ್ಲಿ ‘ಡಿಕ್ರಿ ಪೂರ್ಣವಾಗಿ ತೃಪ್ತಿಗೊಂಡಿದೆ’ ಎಂಬ ಸಿದ್ಧ ವಾಕ್ಯಕ್ಕೆ ಸಹಿ ಹಾಕಬೇಡಿ. ಇಂತಹ ದಿನಾಂಕದಂದು ಇಂತಹ ಗೇಟು ತೆರವಾಗಿದೆ, ಈ ಅರ್ಜಿಯಲ್ಲಿ ಹೇಳಿದ್ದ ಉಲ್ಲಂಘನೆಯ ಮಟ್ಟಿಗೆ ಪ್ರಕರಣ ಮುಗಿದಿದೆ, ಶಾಶ್ವತ ನಿರ್ಬಂಧಕಾಜ್ಞೆ ಜಾರಿಯಲ್ಲಿ ಮುಂದುವರಿಯುತ್ತದೆ ಎಂದು ಬರೆಸಿ. ನೆರೆಯವರು ಮುಂದೆ ಮತ್ತೆ ಅಡ್ಡಿ ಮಾಡಿದರೆ ಅದೇ ಡಿಕ್ರಿಯ ಮೇಲೆ ಹೊಸ ಅಮಲ್ಜಾರಿ ಅರ್ಜಿ ಹಾಕುವಾಗ, ಹಿಂದಿನ ಪ್ರಕರಣದ ಸಂಖ್ಯೆಯೊಂದಿಗೆ ಈ ಮೆಮೋ ಮತ್ತು ಮಹಜರಿನ ದೃಢೀಕೃತ ನಕಲುಗಳನ್ನು ಲಗತ್ತಿಸಬೇಕಾಗುತ್ತದೆ; ಅವನ್ನು ಪ್ರಕರಣ ಮುಗಿದ ವಾರದಲ್ಲೇ ತೆಗೆದಿಟ್ಟುಕೊಳ್ಳಿ.